ಸಿಸ್ಟಮ್32ರ ಬಾಗಿಲಲ್ಲಿ

ಹೊಸ ತಂತ್ರಾಂಶ ಹಾಕಿಕೊಂಡಾಯಿತು, ಡೆಸ್ಕ್‌ಟಾಪಿನಲ್ಲಿ ಐಕಾನೂ ಬಂತು. ಅದರ ಮೇಲೆ ಎರಡು ಸಲ ಕ್ಲಿಕ್ ಮಾಡಿದರೆ ತಂತ್ರಾಂಶ ತೆರೆದುಕೊಳ್ಳುವ ಬದಲು ಕೆಂಪು ಗುರುತಿನ ಪುಟ್ಟ ಪೆಟ್ಟಿಗೆಯೊಂದು ಎದುರಾಗುತ್ತದೆ. ‘ವಿಸಿರನ್‌ಟೈಮ್140.ಡಿಎಲ್‌ಎಲ್’ ಸಿಗಲಿಲ್ಲ, ಹಾಗಾಗಿ ಮುಂದುವರಿಯಲಾಗದು; ಪ್ರೋಗ್ರಾಮನ್ನು ಮತ್ತೊಮ್ಮೆ ಇನ್‌ಸ್ಟಾಲ್ ಮಾಡಿದರೆ ಸರಿಹೋದೀತು ಎಂದು ಇಂಗ್ಲಿಷಿನಲ್ಲಿ ಬರೆದಿರುತ್ತದೆ. ಕೊನೆಯ ಮಾತನ್ನು ಓದುವವರು ಕಡಿಮೆ. ಹೆಚ್ಚಿನವರು ಆ ಫೈಲಿನ ಹೆಸರನ್ನು ಗೂಗಲ್‌ಗೆ ಹಾಕುತ್ತಾರೆ. ‘ಡಿಎಲ್‌ಎಲ್ ಉಚಿತ’ ಎನ್ನುವ ತಾಣಗಳು ಅಲ್ಲಿ ಸಾಲುಗಟ್ಟಿ ಕಾದಿರುತ್ತವೆ. ಒಂದರಿಂದ ಫೈಲು ಇಳಿಸಿಕೊಂಡು ಸಿಸ್ಟಮ್32 ಫೋಲ್ಡರಿಗೆ ಪೇಸ್ಟ್ ಮಾಡಿ, ವಿಂಡೋಸ್ ಅನುಮತಿ ಕೇಳಿದ್ದಕ್ಕೆ ಹ್ಞೂಂ ಅಂದು, ಐಕಾನನ್ನು ಮತ್ತೆ ಒತ್ತುತ್ತಾರೆ. ಈ ಸಲ ಪೆಟ್ಟಿಗೆಯಲ್ಲಿ ಹೆಸರೂ ಇಲ್ಲ, ಬರೀ ಸಂಖ್ಯೆ: 0ಎಕ್ಸ್‌ಸಿ000007ಬಿ.

ಈ ಎರಡನೆಯ ದೋಷ ನಾವೇ ಕೈಯಾರೆ ತಂದುಕೊಂಡದ್ದು. 64 ಬಿಟ್‌ನ ಪ್ರೋಗ್ರಾಮಿಗೆ 32 ಬಿಟ್‌ನ ಡಿಎಲ್‌ಎಲ್ ಸಿಕ್ಕಾಗ, ಇಲ್ಲವೇ ಅದು ತಿರುವುಮುರುವಾದಾಗ, ಸಾಮಾನ್ಯವಾಗಿ ಈ ಸಂಖ್ಯೆ ಬರುತ್ತದೆ. ಇಂದಿನ ವಿಂಡೋಸ್‌ನಲ್ಲಿ 64 ಬಿಟ್ ಫೈಲುಗಳು ಇರುವುದು ‘ಸಿಸ್ಟಮ್32’ ಫೋಲ್ಡರಿನಲ್ಲಿ. 32 ಬಿಟ್ ಫೈಲುಗಳು ಇರುವುದು ‘ಸಿಸ್‌ವಾವ್64’ ಎಂಬುದರಲ್ಲಿ. ತಪ್ಪಿ ಬರೆದದ್ದಲ್ಲ, ಇರುವುದೇ ಹಾಗೆ. ಹಳೆಯ ಪ್ರೋಗ್ರಾಮುಗಳು ಸಿಸ್ಟಮ್32 ಎಂಬ ಹೆಸರನ್ನು ತಮ್ಮೊಳಗೇ ಬರೆದುಕೊಂಡು ಕೂತಿದ್ದವು. ಹೆಸರು ಬದಲಿಸಿದರೆ ಅವನ್ನು 64 ಬಿಟ್‌ಗೆ ತರುವವರಿಗೆ ತಲೆನೋವು ಎಂದು ಮೈಕ್ರೋಸಾಫ್ಟ್ ಹೆಸರನ್ನು ಉಳಿಸಿಕೊಂಡು ಒಳಗಿನ ಸರಕನ್ನು ಬದಲಿಸಿತು. ಎಲ್ಲಿಂದಲೋ ಇಳಿಸಿಕೊಂಡ ಒಂಟಿ ಫೈಲನ್ನು ಎಲ್ಲಿ ಹಾಕಬೇಕೆಂದು ಮಾಮೂಲಿ ಬಳಕೆದಾರರಿಗೆ ತಿಳಿಯದೆ ಹೋದರೆ ಅವರನ್ನು ದೂರುವಂತಿಲ್ಲ.

ಡಿಎಲ್‌ಎಲ್ ಅಂದರೆ ತಾನಾಗಿ ಓಡದ, ಬೇರೆ ಪ್ರೋಗ್ರಾಂ ಕರೆದಾಗ ಮಾತ್ರ ಕೆಲಸ ಮಾಡುವ ಪ್ರೋಗ್ರಾಂ ತುಣುಕು. ಕುತೂಹಲವಿದ್ದರೆ ಒಂದನ್ನು ನೋಟ್‌ಪ್ಯಾಡಿನಲ್ಲಿ ತೆರೆದು ನೋಡಿ (ಸೇವ್ ಮಾತ್ರ ಮಾಡಬೇಡಿ). ಅರ್ಥವಾಗದ ಚಿಹ್ನೆಗಳ ರಾಶಿಯ ಮೊಟ್ಟಮೊದಲಿಗೆ ‘ಎಂ’ ‘ಝಡ್’ ಎಂಬ ಎರಡು ಇಂಗ್ಲಿಷ್ ಅಕ್ಷರಗಳಿರುತ್ತವೆ. ಡಾಸ್ ಕಾಲದಲ್ಲಿ ಈ ಫೈಲಿನ ವಿನ್ಯಾಸ ರೂಪಿಸಿದ ಮೈಕ್ರೋಸಾಫ್ಟ್ ಎಂಜಿನಿಯರ್ ಮಾರ್ಕ್ ಝಬಿಕೋವ್‌ಸ್ಕಿ ಅವರ ಇನಿಶಿಯಲ್ಲು ಅದು. ಸ್ವಲ್ಪ ಮುಂದೆ, ಇದನ್ನು ಡಾಸ್‌ನಲ್ಲಿ ಓಡಿಸಲಾಗದು ಎಂಬ ಅರ್ಥದ ಇಂಗ್ಲಿಷ್ ವಾಕ್ಯ ಇರುತ್ತದೆ. ಡಾಸ್ ಮೂಲೆಗೆ ಸೇರಿ ಎಷ್ಟೋ ವರ್ಷಗಳಾದರೂ ಆ ಎಚ್ಚರಿಕೆಯನ್ನು ಫೈಲುಗಳು ಹೊತ್ತು ತಿರುಗುತ್ತಲೇ ಇವೆ. ಇನ್ನೂ ಕೆಳಗೆ ಹೋದರೆ ಬೇರೆ ಡಿಎಲ್‌ಎಲ್‌ಗಳ ಹೆಸರುಗಳು ಕಾಣುತ್ತವೆ. ನಮ್ಮ ಕಥೆಗೆ ಬೇಕಾದದ್ದು ಈ ಪಟ್ಟಿ. ನನಗೆ ಇಂತಿಂಥ ಡಿಎಲ್‌ಎಲ್‌ಗಳಿಂದ ಇಂತಿಂಥ ಕೆಲಸ ಆಗಬೇಕು ಎಂದು ಪ್ರತಿ ಪ್ರೋಗ್ರಾಮೂ ಮೊದಲೇ ಬರೆದಿಟ್ಟುಕೊಂಡಿರುತ್ತದೆ. ಪ್ರೋಗ್ರಾಮಿನ ಸ್ವಂತದ ಒಂದು ಸಾಲೂ ಓಡುವ ಮುನ್ನ ವಿಂಡೋಸ್ ಆ ಪಟ್ಟಿ ಹಿಡಿದು ಒಂದೊಂದನ್ನೇ ಹುಡುಕುತ್ತದೆ. ಪಟ್ಟಿಯಲ್ಲಿರುವ ಡಿಎಲ್‌ಎಲ್‌ಗೂ ಅದರದೇ ಪಟ್ಟಿ ಇರುತ್ತದೆ, ಅದರಲ್ಲಿರುವವಕ್ಕೂ ಇರುತ್ತದೆ. ಈ ಸರಪಳಿಯಲ್ಲಿ ಒಂದು ಕೊಂಡಿ ಸಿಗದಿದ್ದರೂ ಪ್ರೋಗ್ರಾಂ ಹೊರಡುವುದಿಲ್ಲ. ಒಂದು ಫೈಲು ತಂದು ಹಾಕಿದೊಡನೆ ಇನ್ನೊಂದು ಕಾಣೆ ಎನ್ನುವ ಪೆಟ್ಟಿಗೆ ಬರುವುದು ಇದರಿಂದಲೇ.

ಹೀಗೆ ಹಂಚಿ ಕಟ್ಟಿದ್ದಕ್ಕೆ ಕಾರಣ ಬಡತನ. 1985ರ ನವೆಂಬರ್‌ನಲ್ಲಿ ಬಂದ ಮೊದಲ ವಿಂಡೋಸ್‌ಗೆ 256 ಕಿಲೋಬೈಟ್ ಮೆಮೊರಿ ಇದ್ದರೆ ಸಾಕಿತ್ತು; ಇಂದು ಮೊಬೈಲಿನಲ್ಲಿ ತೆಗೆದ ಒಂದು ಫೋಟೊವೂ ಅದರಲ್ಲಿ ಹಿಡಿಸದು. ಮೆನು ಬಿಡಿಸುವ, ಅಕ್ಷರ ಮೂಡಿಸುವ, ಮೌಸ್ ಎಲ್ಲಿದೆಯೆಂದು ನೋಡುವ ಕೆಲಸಗಳನ್ನು ಪ್ರತಿ ಪ್ರೋಗ್ರಾಮೂ ತನ್ನೊಳಗೇ ಹೊತ್ತುಕೊಂಡರೆ ಒಂದರ ಪಕ್ಕ ಇನ್ನೊಂದಕ್ಕೆ ಜಾಗವೇ ಇರುತ್ತಿರಲಿಲ್ಲ. ಅದಕ್ಕೇ ಕರ್ನೆಲ್, ಯೂಸರ್, ಜಿಡಿಐ ಎಂಬ ಮೂರು ಮುಖ್ಯ ಭಾಗಗಳನ್ನು ಎಲ್ಲರಿಗೂ ಸಾಮಾನ್ಯವಾಗಿ ಇಟ್ಟರು. ಮುಂದೆ ಎಲ್ಲವೂ ಆ ದಾರಿಯಲ್ಲೇ ನಡೆಯಿತು. ನಾವು ಕನ್ನಡ ಟೈಪ್ ಮಾಡಲು ಆರಿಸಿಕೊಳ್ಳುವ ವಿಂಡೋಸ್‌ನ ಕನ್ನಡ ಕೀಲಿಮಣೆ ವಿನ್ಯಾಸವೂ ಒಂದು ಡಿಎಲ್‌ಎಲ್ಲೇ. ಸಿಸ್ಟಮ್32ರಲ್ಲಿ ‘ಕೆಬಿಡಿಐಎನ್‌ಕೆಎಎನ್’ ಎಂಬ ಹೆಸರಿನಲ್ಲಿ ಕೂತಿರುತ್ತದೆ.

ಹಳ್ಳಿಗಳಲ್ಲಿ ಮದುವೆಗೆ ದೇವಸ್ಥಾನದ ಪಾತ್ರೆ ತರುವ ಪದ್ಧತಿ ಇತ್ತಲ್ಲ, ಇದೂ ಅದೇ ಏರ್ಪಾಡು. ಮನೆಗೊಂದು ಕೊಪ್ಪರಿಗೆ ಬೇಕಿಲ್ಲ, ಊರಿಗೊಂದಿದ್ದರೆ ಸಾಕು. ಆದರೆ ಒಬ್ಬರು ದೊಡ್ಡ ಕೊಪ್ಪರಿಗೆ ಒಯ್ದು ಚಿಕ್ಕದನ್ನು ವಾಪಸು ಇಟ್ಟುಹೋದರೆ ಮುಂದಿನ ಮದುವೆಯ ಪಾಯಸ ಅರ್ಧ ಪಂಕ್ತಿಗೇ ಮುಗಿಯುತ್ತದೆ. ವಿಂಡೋಸ್‌ನಲ್ಲಿ ಈ ಅದಲುಬದಲು ಮಾಡುತ್ತಿದ್ದವರು ಸೆಟಪ್ ಪ್ರೋಗ್ರಾಮುಗಳು.

ತೊಂಬತ್ತರ ದಶಕದ ತಂತ್ರಾಂಶ ಫ್ಲಾಪಿಗಳಲ್ಲಿ ಬರುತ್ತಿತ್ತು. ಒಂದು ಫ್ಲಾಪಿಯಲ್ಲಿ 1.44 ಮೆಗಾಬೈಟ್ ಹಿಡಿಸುತ್ತಿದ್ದುದರಿಂದ ಫೈಲುಗಳನ್ನು ಕುಗ್ಗಿಸಿ, ಹೆಸರಿನ ಕೊನೆಯ ಅಕ್ಷರ ತೆಗೆದು ಅಡಿಗೆರೆ ಹಾಕಿ ತುಂಬುತ್ತಿದ್ದರು. ಅವನ್ನು ಮತ್ತೆ ಹಿಗ್ಗಿಸಲೂ ಒಂದು ಡಿಎಲ್‌ಎಲ್ ಇತ್ತು. ಹಿಗ್ಗಿಸಿದ್ದನ್ನು ಎಲ್ಲಿಡಬೇಕು, ಅಲ್ಲಿ ಈಗಾಗಲೇ ಅದೇ ಹೆಸರಿನ ಫೈಲಿದ್ದರೆ ಅದರ ಆವೃತ್ತಿ ಯಾವುದು ಎಂದು ನೋಡಲು ವಿಂಡೋಸ್ 3.1ರಲ್ಲಿ ‘ವಿಇಆರ್.ಡಿಎಲ್‌ಎಲ್’ ಕೊಟ್ಟರು, ಮುಂದೆ ಅದೇ ‘ವರ್ಷನ್.ಡಿಎಲ್‌ಎಲ್’ ಆಯಿತು. ನಿಯಮ ಸರಳವಾಗಿತ್ತು. ನಿನ್ನ ಕೈಯಲ್ಲಿರುವುದು ಹೊಸದಾದರೆ ಹಾಕು, ಅಲ್ಲಿರುವುದೇ ಹೊಸದಾದರೆ ಕೈ ಹಚ್ಚಬೇಡ. ಸೆಟಪ್ ಬರೆಯುವವರಲ್ಲಿ ಎಷ್ಟೋ ಜನ ಇದನ್ನು ಗಣನೆಗೇ ತೆಗೆದುಕೊಳ್ಳಲಿಲ್ಲ. ನನ್ನ ಪ್ರೋಗ್ರಾಂ ಪರೀಕ್ಷೆ ಮಾಡಿದ್ದು ಈ ಫೈಲಿನ ಜೊತೆ, ಹಾಗಾಗಿ ಇದೇ ಇರಲಿ ಎಂದು ಹೊಸದರ ಮೇಲೆ ಹಳೆಯದನ್ನು ಹೇರಿ ನಡೆದರು. ಹೊಸದಾಗಿ ಹಾಕಿದ ಆಟ ಚೆನ್ನಾಗಿ ಓಡುತ್ತಿತ್ತು, ನಿನ್ನೆಯವರೆಗೆ ಸರಿಯಿದ್ದ ಲೆಕ್ಕದ ಪ್ಯಾಕೇಜು ಮಲಗುತ್ತಿತ್ತು. ಬೈಗುಳ ತಿನ್ನುತ್ತಿದ್ದುದು ಮಾತ್ರ ಲೆಕ್ಕದ ಪ್ಯಾಕೇಜು ಮಾರಿದವರು. ಈ ಅವಸ್ಥೆಗೆ ಉದ್ಯಮದವರು ಇಟ್ಟ ಹೆಸರು ‘ಡಿಎಲ್‌ಎಲ್ ಹೆಲ್’.

ವಿಂಡೋಸ್ 95 ಇದಕ್ಕೆ ಮಾಡಿದ ಮದ್ದನ್ನು ಮೈಕ್ರೋಸಾಫ್ಟ್‌ನ ಎಂಜಿನಿಯರ್ ರೇಮಂಡ್ ಚೆನ್ ಬರೆದಿಟ್ಟಿದ್ದಾರೆ. ಮುಖ್ಯ ಫೈಲುಗಳನ್ನು ಸೆಟಪ್ಪು ಮುಟ್ಟದ ಹಾಗೆ ತಡೆಯುವುದು ಮೊದಲ ಯೋಚನೆ. ತಡೆದರೆ ಕೆಲವು ಸೆಟಪ್ಪುಗಳು ಇನ್‌ಸ್ಟಾಲ್ ವಿಫಲವಾಯಿತೆಂದು ಅರ್ಧದಲ್ಲೇ ಕೈಚೆಲ್ಲಿದವು. ಇನ್ನು ಕೆಲವು ಮಹಾ ಹಟಮಾರಿಗಳು. ಈಗ ಬಿಡದಿದ್ದರೆ ಬೇಡ, ಕಂಪ್ಯೂಟರ್ ಮತ್ತೆ ಶುರುವಾಗುವಾಗ ಹಾಕುತ್ತೇನೆಂದು ಹಿಂಬಾಗಿಲಲ್ಲಿ ಏರ್ಪಾಟು ಮಾಡಿಕೊಂಡು ಹೋದವು. ಕೊನೆಗೆ ವಿಂಡೋಸ್‌ನವರು ಉಪಾಯ ಹೂಡಿದರು. ಹೇರುವವರು ಹೇರಲಿ, ಅಡ್ಡಿಯಿಲ್ಲ. ‘ಸಿಸ್‌ಬಿಸಿಕಪ್’ ಎಂಬ ಅಡಗಿಸಿಟ್ಟ ಫೋಲ್ಡರಿನಲ್ಲಿ ಮುಖ್ಯ ಫೈಲುಗಳ ಇನ್ನೊಂದು ಪ್ರತಿ ಇರುತ್ತಿತ್ತು. ಸೆಟಪ್ ತನ್ನ ಕೆಲಸ ಮುಗಿಸಿ ಹೋದ ಮೇಲೆ ವಿಂಡೋಸ್ ಬಂದು ನೋಡುವುದು. ಹಾಕಿಹೋದದ್ದು ಹೊಸ ಆವೃತ್ತಿಯಾಗಿದ್ದರೆ ಅದನ್ನೇ ಅಡಗುತಾಣಕ್ಕೂ ಒಂದು ಪ್ರತಿ ಸೇರಿಸಿಕೊಳ್ಳುವುದು, ಹಳೆಯದಾಗಿದ್ದರೆ ಸದ್ದಿಲ್ಲದೆ ತನ್ನ ಪ್ರತಿಯನ್ನು ಮರಳಿ ಇಡುವುದು. ತಾನು ಗೆದ್ದೆ ಎಂದುಕೊಂಡು ಸೆಟಪ್ಪೂ ತೃಪ್ತಿಯಿಂದ ಮುಗಿಯುತ್ತಿತ್ತು. ಎಂಜಿನಿಯರಿಂಗ್‌ಗಿಂತ ಹೆಚ್ಚಾಗಿ ಇದು ಸಂಸಾರ ತೂಗಿಸುವ ಜಾಣತನ. ನನಗಂತೂ ವಿಂಡೋಸ್ ಇತಿಹಾಸದಲ್ಲೇ ಬಹಳ ಇಷ್ಟವಾದ ಪ್ರಸಂಗ.

ತೆಗೆದುಹಾಕುವಾಗಿನ ಪಾಡು ಇನ್ನೊಂದು ಬಗೆಯದು. ಹಂಚಿಕೊಂಡ ಒಂದು ಡಿಎಲ್‌ಎಲ್ಲನ್ನು ಎಷ್ಟು ಪ್ರೋಗ್ರಾಮುಗಳು ಬಳಸುತ್ತಿವೆ ಎಂಬ ಲೆಕ್ಕವನ್ನು ರಿಜಿಸ್ಟ್ರಿ ಎಂಬ ವಿಂಡೋಸ್‌ನ ದಾಖಲೆ ಪುಸ್ತಕದಲ್ಲಿ ಬರೆದಿಡಬೇಕಿತ್ತು. ಇನ್‌ಸ್ಟಾಲ್ ಆದಾಗ ಒಂದು ಕೂಡಿಸು, ಅನ್‌ಇನ್‌ಸ್ಟಾಲ್ ಆದಾಗ ಒಂದು ಕಳೆ. ಎಲ್ಲರೂ ನಿಯತ್ತಿನಿಂದ ಬರೆದಿದ್ದರೆ ಲೆಕ್ಕ ಸೊನ್ನೆಗೆ ಬಂದಾಗ ಫೈಲನ್ನು ಅಳಿಸಬಹುದಿತ್ತು. ಬರೆಯಲಿಲ್ಲವಲ್ಲ! ಹಾಗಾಗಿ ಅನ್‌ಇನ್‌ಸ್ಟಾಲರ್ ನಡುವೆ ನಿಂತು ಬಳಕೆದಾರರನ್ನೇ ಕೇಳುತ್ತಿತ್ತು: ಈ ಫೈಲನ್ನು ಇನ್ನು ಯಾರೂ ಬಳಸುವಂತೆ ಕಾಣುತ್ತಿಲ್ಲ, ಅಳಿಸಲೇ? ಹೌದು, ಎಲ್ಲಕ್ಕೂ ಹೌದು, ಬೇಡ, ಎಲ್ಲಕ್ಕೂ ಬೇಡ. ಬರೆದ ಎಂಜಿನಿಯರಿಗೇ ಗೊತ್ತಿಲ್ಲದ ಸಂಗತಿಯನ್ನು ಗುಮಾಸ್ತರ ಬಳಿ, ವಿದ್ಯಾರ್ಥಿಗಳ ಬಳಿ ಕೇಳಿದ ಆ ಪ್ರಶ್ನೆಯಷ್ಟು ಬೇಜವಾಬ್ದಾರಿಯ ಪ್ರಶ್ನೆ ಕಂಪ್ಯೂಟರಿನಲ್ಲಿ ಮತ್ತೊಂದಿಲ್ಲ. 1999ರಲ್ಲಿ ಆಫೀಸ್ 2000ದ ಜೊತೆ ಬಂದ ‘ವಿಂಡೋಸ್ ಇನ್‌ಸ್ಟಾಲರ್’ ಈ ಲೆಕ್ಕವನ್ನೆಲ್ಲ ತಾನೇ ವಹಿಸಿಕೊಂಡಿತು. ಎಂಎಸ್‌ಐ ಎಂಬ ಬಾಲವಿರುವ ಫೈಲುಗಳು ಅದರವು. ಅರ್ಧದಲ್ಲಿ ಏನಾದರೂ ಕೆಟ್ಟರೆ ಮಾಡಿದ್ದನ್ನೆಲ್ಲ ಹಿಂದಕ್ಕೆ ಸರಿಸಿ ಮೊದಲಿದ್ದಂತೆ ಮಾಡುವುದೂ ಅದಕ್ಕೆ ಗೊತ್ತು.

ಇನ್‌ಸ್ಟಾಲ್ ಆದ ಮೇಲೆ ಕಂಪ್ಯೂಟರನ್ನು ಮತ್ತೆ ಶುರುಮಾಡಿ ಎನ್ನುವುದೂ ಡಿಎಲ್‌ಎಲ್‌ಗಳ ದೆಸೆಯಿಂದಲೇ. ಯಾವುದೋ ಪ್ರೋಗ್ರಾಂ ಬಳಸುತ್ತಿರುವ ಫೈಲಿನ ಮೇಲೆ ಹೊಸದನ್ನು ಬರೆಯಲು ವಿಂಡೋಸ್ ಬಿಡದು. ಹೊಸದನ್ನು ಪಕ್ಕದಲ್ಲಿಟ್ಟು, ಮುಂದಿನ ಸಲ ಯಾರೂ ಏಳುವ ಮುಂಚೆ ಇದನ್ನು ಅದರ ಜಾಗಕ್ಕೆ ಇಡು ಎಂದು ರಿಜಿಸ್ಟ್ರಿಯಲ್ಲಿ ಚೀಟಿ ಬರೆದಿಟ್ಟು ಸೆಟಪ್ ಹೊರಡುತ್ತದೆ.

ವಿಂಡೋಸ್ 2000 ಬರುವ ಹೊತ್ತಿಗೆ ಮೈಕ್ರೋಸಾಫ್ಟಿನ ತಾಳ್ಮೆ ತೀರಿತ್ತು. ‘ವಿಂಡೋಸ್ ಫೈಲ್ ಪ್ರೊಟೆಕ್ಷನ್’ ಎಂಬ ಕಾವಲು ಬಂತು. ಮುಖ್ಯ ಫೈಲನ್ನು ಯಾರೇ ಬದಲಿಸಿದರೂ ‘ಡಿಎಲ್‌ಎಲ್‌ಕ್ಯಾಶೆ’ ಫೋಲ್ಡರಿನಿಂದ ಮೂಲ ಪ್ರತಿ ಬಂದು ಕೂರುತ್ತಿತ್ತು. ಒಳ್ಳೆಯದೇ. ಆದರೆ ಕನ್ನಡದವರಿಗೆ ಇದರ ಬಿಸಿ ತಟ್ಟಿದ್ದು ಹೆಚ್ಚು ಜನರಿಗೆ ಗೊತ್ತಿಲ್ಲದ ಇನ್ನೊಂದು ಜಾಗದಲ್ಲಿ.

ಯುನಿಕೋಡ್ ಕನ್ನಡ ತೆರೆಯ ಮೇಲೆ ಸರಿಯಾಗಿ ಮೂಡಬೇಕಾದರೆ ಫಾಂಟ್ ಒಂದಿದ್ದರೆ ಸಾಲದು. ಕ, ಹಲಂತ, ಷ ಎಂಬ ಮೂರು ಸಂಕೇತಗಳು ಸೇರಿದಾಗ ‘ಕ್ಷ’ ಬರೆಯಬೇಕು, ಒತ್ತಕ್ಷರವನ್ನು ಕೆಳಗಿಳಿಸಬೇಕು, ಅರ್ಕಾವತ್ತನ್ನು ಕೊನೆಗೆ ತಳ್ಳಬೇಕು ಎಂದು ನಿರ್ಧರಿಸುವವರು ಬೇಕು. ವಿಂಡೋಸ್‌ನಲ್ಲಿ ಆ ಕೆಲಸ ‘ಯುಎಸ್‌ಪಿ10.ಡಿಎಲ್‌ಎಲ್’ ಎಂಬ ಒಂದೇ ಫೈಲಿನದಾಗಿತ್ತು. 2001ರಲ್ಲಿ ಬಂದ ವಿಂಡೋಸ್ ಎಕ್ಸ್‌ಪಿ ತುಂಗಾ ಫಾಂಟಿನೊಡನೆ ಕನ್ನಡವನ್ನು ಬೆಂಬಲಿಸಿತು ನಿಜ, ಆದರೆ ಇಂಗ್ಲಿಷ್ ಎಕ್ಸ್‌ಪಿಯಲ್ಲಿ ಅದು ತಾನಾಗಿ ಸಿಗುತ್ತಿರಲಿಲ್ಲ. ಕಂಟ್ರೋಲ್ ಪ್ಯಾನೆಲ್ಲಿಗೆ ಹೋಗಿ, ಪ್ರಾದೇಶಿಕ ಭಾಷೆಗಳ ಪುಟ ತೆರೆದು, ಸಂಕೀರ್ಣ ಲಿಪಿಗಳ ಫೈಲುಗಳನ್ನು ಹಾಕು ಎಂಬ ಚೌಕದಲ್ಲಿ ಗುರುತು ಮಾಡಿದರೆ ಅದು ಎಕ್ಸ್‌ಪಿಯ ಸೀಡಿ ಕೇಳುತ್ತಿತ್ತು. ಅಂಗಡಿಯವರು ಜೋಡಿಸಿಕೊಟ್ಟ ಕಂಪ್ಯೂಟರ್ ಇಟ್ಟುಕೊಂಡವರು ಸೀಡಿ ಎಲ್ಲಿಂದ ತರಬೇಕು? ನುಡಿ, ಬರಹ ತಂತ್ರಾಂಶಗಳ ಹಳೆಯ ಫಾಂಟುಗಳಿಗೆ ಈ ರಗಳೆ ಇರಲಿಲ್ಲ. ಅವು ಅಕ್ಷರದ ಚೂರುಗಳನ್ನೇ ಇಂಗ್ಲಿಷ್ ಅಕ್ಷರಗಳ ಜಾಗದಲ್ಲಿ ಕೂರಿಸಿ ಕೆಲಸ ಸಾಗಿಸುತ್ತಿದ್ದವು. ಯುನಿಕೋಡ್ ಬಂದು ಎಷ್ಟೋ ಕಾಲದ ತನಕ ಡಿಟಿಪಿಯವರು ಅದರತ್ತ ತಿರುಗಿ ನೋಡದಿರಲು ಈ ನೆಮ್ಮದಿಯೂ ಒಂದು ಕಾರಣವೆಂದು ನನ್ನ ಎಣಿಕೆ.

ಸೀಡಿ ಹೊಂದಿಸಿ ಎಲ್ಲ ಹಾಕಿಕೊಂಡವರಿಗೂ ಬೇರೆ ಕಾಟ ಇತ್ತು. ಯುಎಸ್‌ಪಿ10ರ ಹಳೆಯ ಆವೃತ್ತಿಗಳಲ್ಲಿ ಭಾರತೀಯ ಲಿಪಿಗಳ ಜೋಡಣೆಯಲ್ಲಿ ದೋಷಗಳಿದ್ದವು, ಹೊಸ ಆವೃತ್ತಿಗಳಲ್ಲಿ ತಿದ್ದುತ್ತಾ ಹೋದರು. ಆಫೀಸ್ 2003 ತನ್ನದೇ ಹೊಸ ಪ್ರತಿಯನ್ನು ತನ್ನ ಫೋಲ್ಡರಿನಲ್ಲಿ ಇಟ್ಟುಕೊಂಡಿತ್ತು. ಹೀಗಾಗಿ ಒಂದೇ ಕಂಪ್ಯೂಟರಿನಲ್ಲಿ, ಒಂದೇ ಫಾಂಟಿನಲ್ಲಿ, ಒಂದೇ ಪದ ವರ್ಡ್‌ನಲ್ಲಿ ಒಂದು ರೀತಿ, ಬ್ರೌಸರಿನಲ್ಲಿ ಇನ್ನೊಂದು ರೀತಿ ಕಾಣುವುದು ಸಾಧ್ಯವಿತ್ತು. ಹೊಸ ಯುಎಸ್‌ಪಿ10 ಫೈಲನ್ನು ಸಿಸ್ಟಮ್32ಕ್ಕೆ ಹಾಕಿದರೆ ಕಾವಲಿನವನು ಹಳೆಯದನ್ನೇ ತಂದು ಕೂರಿಸುತ್ತಿದ್ದ. ಸೇಫ್ ಮೋಡ್‌ನಲ್ಲಿ ಹೋಗಿ, ಮೊದಲು ಡಿಎಲ್‌ಎಲ್‌ಕ್ಯಾಶೆಯ ಪ್ರತಿಯನ್ನು ಬದಲಿಸಿ, ಆಮೇಲೆ ಮೂಲವನ್ನು ಬದಲಿಸುವ ವಿಧಾನವನ್ನು ಭಾರತೀಯ ಭಾಷೆಗಳಲ್ಲಿ ಬರೆಯುವವರು ಒಬ್ಬರಿಗೊಬ್ಬರು ಹೇಳಿಕೊಡುತ್ತಿದ್ದರು. ಇನ್ನೊಂದು ಸುಲಭದ ದಾರಿಯೂ ಇತ್ತು: ಹೊಸ ಫೈಲನ್ನು ಬೇಕಾದ ಪ್ರೋಗ್ರಾಮಿನ ಸ್ವಂತ ಫೋಲ್ಡರಿನಲ್ಲಿ ಇಟ್ಟುಬಿಡುವುದು. ವಿಂಡೋಸ್ ಡಿಎಲ್‌ಎಲ್ ಹುಡುಕುವಾಗ ಸಾಮಾನ್ಯವಾಗಿ ಮೊದಲು ನೋಡುವುದು ಪ್ರೋಗ್ರಾಂ ಇರುವ ಫೋಲ್ಡರನ್ನೇ, ಸಿಸ್ಟಮ್32ರ ಸರದಿ ಆಮೇಲೆ. ವಿಂಡೋಸ್ ವಿಸ್ತಾ ಬಂದ ಮೇಲೆ ಸಂಕೀರ್ಣ ಲಿಪಿಗಳು ಕೇಳದೆಯೇ ಸಿಗತೊಡಗಿ ಈ ಹರಸಾಹಸ ಮುಗಿಯಿತು.

ಎಕ್ಸ್‌ಪಿಯ ಕಾಲದಲ್ಲೇ ಮೈಕ್ರೋಸಾಫ್ಟ್ ಬೇರೊಂದು ದಾರಿ ಹಿಡಿದಿತ್ತು. ಒಂದೇ ಡಿಎಲ್‌ಎಲ್‌ನ ಹಲವು ಆವೃತ್ತಿಗಳನ್ನು ಪಕ್ಕಪಕ್ಕದಲ್ಲೇ ಇಡು, ಯಾರಿಗೆ ಯಾವುದು ಬೇಕೋ ಅವರು ಚೀಟಿಯಲ್ಲಿ ಬರೆದು ತರಲಿ. ಆ ಉಗ್ರಾಣದ ಹೆಸರು ‘ವಿನ್‌ಎಸ್‌ಎಕ್ಸ್‌ಎಸ್’. ಸೀ ಡ್ರೈವ್ ತುಂಬಿಹೋಯಿತು ಎಂದು ಗೋಳಾಡುವವರು ಮೊದಲು ಕಣ್ಣು ಹಾಕುವುದು ಇದರ ಮೇಲೆ, ಏಕೆಂದರೆ ಅದರ ಅಳತೆ ಹಲವು ಗಿಗಾಬೈಟ್ ತೋರಿಸುತ್ತದೆ. ವಿಸ್ತಾದಿಂದೀಚೆಗೆ ಸಿಸ್ಟಮ್32ರಲ್ಲಿರುವ ಹೆಚ್ಚಿನ ಫೈಲುಗಳು ಮತ್ತು ವಿನ್‌ಎಸ್‌ಎಕ್ಸ್‌ಎಸ್‌ನಲ್ಲಿರುವವು ಡಿಸ್ಕಿನ ಮೇಲೆ ಒಂದೇ. ಎರಡು ಕಡೆ ಹೆಸರಿರುತ್ತದೆ ಅಷ್ಟೆ. ಎಕ್ಸ್‌ಪ್ಲೋರರ್ ಎರಡು ಸಲ ಎಣಿಸುತ್ತದೆ. ಕೈಯಿಂದ ಅಳಿಸಹೊರಟರೆ ವಿಂಡೋಸ್ ಏಳದೆ ಹೋಗಬಹುದು.

ಕಂಟ್ರೋಲ್ ಪ್ಯಾನೆಲ್ಲಿನ ಪಟ್ಟಿಯಲ್ಲಿ ಮೈಕ್ರೋಸಾಫ್ಟ್ ವಿಷುಯಲ್ ಸಿ++ 2005, 2008, 2010, 2012, 2013 ಎಂದು ಬಾಲಂಗೋಚಿಯಂತೆ ಬೆಳೆದಿರುವ ಹೆಸರುಗಳೂ ಇದೇ ಕಥೆಯ ಭಾಗ. ಸಿ++ನಲ್ಲಿ ಬರೆದ ಪ್ರೋಗ್ರಾಮುಗಳಿಗೆ ಬೇಕಾದ ಸಾಮಾನ್ಯ ಡಿಎಲ್‌ಎಲ್‌ಗಳ ಕಟ್ಟುಗಳು ಅವು. ಆಯಾ ವರ್ಷದ ಕಂಪೈಲರಿಗೆ (ಬರೆದದ್ದನ್ನು ಓಡುವ ಪ್ರೋಗ್ರಾಮಾಗಿ ಮಾಡುವ ಸಲಕರಣೆಗೆ) ಆಯಾ ಕಟ್ಟು, ಅದರಲ್ಲೂ ಎಕ್ಸ್86, ಎಕ್ಸ್64 ಎಂದು ಎರಡೆರಡು. ಒಂದೇ ಸಾಮಾನು ಹತ್ತು ಸಲ ಯಾಕೆ ಎಂದು ತೆಗೆದುಹಾಕಿದರೆ ಮಾರನೆಯ ದಿನ ಯಾವುದೋ ಪ್ರೋಗ್ರಾಂ ನಿಲ್ಲುತ್ತದೆ. 2015ರಿಂದ ಈ ವಿಂಗಡಣೆ ಕೈಬಿಟ್ಟರು. 2015, 2017, 2019, 2022 ಈ ನಾಲ್ಕೂ ಕಂಪೈಲರುಗಳಿಗೆ ‘140’ ಎಂಬ ಒಂದೇ ಕುಟುಂಬ. ಮೊದಲ ಪ್ಯಾರಾದ ವಿಸಿರನ್‌ಟೈಮ್140 ಅದರದೇ ಸದಸ್ಯ. ಅದು ಕಾಣೆಯಾಗಿದೆ ಎಂದರೆ ತಂತ್ರಾಂಶದ ಸೆಟಪ್ ತನ್ನ ಜೊತೆ ಈ ಕಟ್ಟನ್ನು ಹಾಕಿಲ್ಲ, ಇಲ್ಲವೇ ಯಾರೋ ತೆಗೆದಿದ್ದಾರೆ. ಮೈಕ್ರೋಸಾಫ್ಟ್ ತಾಣದಿಂದ ಆ ಕಟ್ಟನ್ನು ಇಡಿಯಾಗಿ ತಂದು ಹಾಕಿದರೆ ಕೆಲಸ ಮುಗಿಯಿತು, ದುಡ್ಡಿಲ್ಲ, ಕಾಸಿಲ್ಲ. 32 ಬಿಟ್ ಪ್ರೋಗ್ರಾಮಿಗೆ ಎಕ್ಸ್86 ಕಟ್ಟೇ ಬೇಕು, ಕಂಪ್ಯೂಟರ್ 64 ಬಿಟ್‌ದಾದರೂ. ಸಂದೇಹವಿದ್ದರೆ ಎರಡನ್ನೂ ಹಾಕಿ, ಜಗಳವಾಡುವುದಿಲ್ಲ. ವಿಂಡೋಸ್‌ನ ಸ್ವಂತದ ಫೈಲು ಕೆಟ್ಟಿದ್ದರೆ ಮಾತ್ರ ‘ಎಸ್‌ಎಫ್‌ಸಿ ಸ್ಕ್ಯಾನ್‌ನೌ’ ಎಂಬ ಆಜ್ಞೆಯಿಂದ ಪ್ರಯೋಜನ.

ಪ್ರೋಗ್ರಾಮಿನ ಫೋಲ್ಡರನ್ನೇ ಮೊದಲು ನೋಡುವ ರೂಢಿಯೊಂದಿದೆ ಎಂದೆನಲ್ಲ, ನಮ್ಮ ಒತ್ತಕ್ಷರ ಉಳಿಸಿದ ಅದೇ ರೂಢಿ ಕಳ್ಳರ ಕೈಗೂ ಸಿಕ್ಕಿತು. ನಾವು ಇಳಿಸಿಕೊಂಡ ಸೆಟಪ್ಪುಗಳೆಲ್ಲ ಬಂದು ಬೀಳುವುದು ‘ಡೌನ್‌ಲೋಡ್ಸ್’ ಫೋಲ್ಡರಿಗೆ, ಓಡಿಸುವುದೂ ಅಲ್ಲಿಂದಲೇ. ಎಂದೋ ಒಂದು ದಿನ ಯಾವುದೋ ತಾಣ ಅದೇ ಫೋಲ್ಡರಿಗೆ ವರ್ಷನ್.ಡಿಎಲ್‌ಎಲ್ ಎಂಬ ಹೆಸರಿನ ಫೈಲು ಇಳಿಸಿದ್ದರೆ? ತಿಂಗಳ ನಂತರ ನಂಬಿಕಸ್ಥ ಕಂಪನಿಯ ಸೆಟಪ್ ಓಡಿಸುತ್ತೀರಿ. ಅದು ವರ್ಷನ್.ಡಿಎಲ್‌ಎಲ್ ಬೇಕೆಂದು ಪಕ್ಕದಲ್ಲಿರುವುದನ್ನೇ ಎತ್ತಿಕೊಳ್ಳುತ್ತದೆ. ಸೆಟಪ್‌ಗೆ ಆಗಲೇ ಅಡ್ಮಿನಿಸ್ಟ್ರೇಟರ್ ಅಧಿಕಾರ ಕೊಟ್ಟಿರುತ್ತೀರಿ. ಆ ಅಧಿಕಾರ ಕಳ್ಳ ಫೈಲಿಗೂ ಸಂದಾಯವಾಗುತ್ತದೆ. ಸೆಟಪ್ಪುಗಳು ನಿಯತ್ತಿನಿಂದ ನಡೆದುಕೊಳ್ಳಲಿ ಎಂದು ಕೊಟ್ಟ ಆವೃತ್ತಿ ನೋಡುವ ಫೈಲೇ ಸೆಟಪ್ಪಿನೊಳಗೆ ನುಸುಳುವ ಕಿಂಡಿಯಾಯಿತು. 2010ರ ಆಗಸ್ಟ್‌ನಲ್ಲಿ ಮೈಕ್ರೋಸಾಫ್ಟ್ ಈ ಜಾತಿಯ ದಾಳಿಗಳ ಬಗ್ಗೆ ಎಚ್ಚರಿಕೆ ಹೊರಡಿಸಬೇಕಾಯಿತು. ಸೆಟಪ್ ತಯಾರಿಸುವ ಇನ್ನೊ ಸೆಟಪ್, ಎನ್‌ಎಸ್‌ಐಎಸ್ ಮುಂತಾದ ಸಲಕರಣೆಗಳು ಆಮೇಲೆ ಬಿಗಿ ಮಾಡಿಕೊಂಡವು. ಹಾಗಿದ್ದೂ ಡೌನ್‌ಲೋಡ್ಸ್ ಫೋಲ್ಡರಿನಲ್ಲಿ ನೀವು ತಂದಿಡದ ಡಿಎಲ್‌ಎಲ್ ಕಂಡರೆ ಅನುಮಾನಿಸುವುದರಲ್ಲಿ ತಪ್ಪಿಲ್ಲ.

ಡಿಸ್ಕು ಅಗ್ಗವಾದ ಮೇಲೆ ಹಂಚಿಕೊಳ್ಳುವ ಉಸಾಬರಿಯನ್ನೇ ಬಹಳ ಜನ ಬಿಟ್ಟಿದ್ದಾರೆ. ಈಗಿನ ಹಲವು ಚಾಟ್ ಮತ್ತು ಮೀಟಿಂಗ್ ತಂತ್ರಾಂಶಗಳು ಎಲೆಕ್ಟ್ರಾನ್ ಎಂಬ ಚೌಕಟ್ಟಿನಲ್ಲಿ ತಯಾರಾದವು; ಒಂದೊಂದೂ ಇಡೀ ಬ್ರೌಸರನ್ನೇ ತನ್ನ ಫೋಲ್ಡರಿನಲ್ಲಿ ಹೊತ್ತು ಬರುತ್ತದೆ. ಹುಡುಕಿ ನೋಡಿದರೆ ‘ಎಫ್‌ಎಫ್‌ಎಂಪೆಗ್.ಡಿಎಲ್‌ಎಲ್’ ಎಂಬ ಒಂದೇ ಹೆಸರಿನ ಫೈಲು ಹಲವು ಕಡೆ ಸಿಗುತ್ತದೆ. ಯಾರೂ ಯಾರದನ್ನೂ ಕೆಡಿಸುವುದಿಲ್ಲ. ಆದರೆ ಒಂದರಲ್ಲಿ ದೋಷ ಕಂಡರೆ ಪ್ರತಿಯೊಂದನ್ನೂ ಅವರವರೇ ತಿದ್ದಬೇಕು.

2023ರ ಮಾರ್ಚ್‌ನಲ್ಲಿ ಸುದ್ದಿಯಾದ ತ್ರೀಸಿಎಕ್ಸ್ ಪ್ರಕರಣದಲ್ಲಿ ಸಿಕ್ಕಿಬಿದ್ದದ್ದು ಇಂಥದೇ ಒಂದು ಫೈಲು. ಇಂಟರ್ನೆಟ್ ಮೂಲಕ ಕಚೇರಿ ಫೋನಿನ ವ್ಯವಸ್ಥೆ ಕೊಡುವ ಕಂಪನಿ ಅದು. 6 ಲಕ್ಷಕ್ಕೂ ಹೆಚ್ಚು ಗ್ರಾಹಕ ಸಂಸ್ಥೆಗಳು ತನಗಿವೆ ಎಂದು ಹೇಳಿಕೊಂಡಿತ್ತು. ಅದರ ಅಧಿಕೃತ ಸೆಟಪ್ಪಿನಲ್ಲೇ, ಕಂಪನಿಯ ಡಿಜಿಟಲ್ ಸಹಿಯ ಅಡಿಯಲ್ಲೇ, ತಿದ್ದಿದ ಎಫ್‌ಎಫ್‌ಎಂಪೆಗ್.ಡಿಎಲ್‌ಎಲ್ ಕೂತಿತ್ತು. ಇದು ಒಳಗೆ ಬಂದದ್ದು ಹೇಗೆಂದು ಸೈಬರ್ ಭದ್ರತೆಯ ಮ್ಯಾಂಡಿಯಂಟ್ ಸಂಸ್ಥೆ ಜಾಡು ಹಿಡಿದು ಹೋದಾಗ ಸಿಕ್ಕಿದ್ದು ಇನ್ನೊಂದು ಸೆಟಪ್. ತ್ರೀಸಿಎಕ್ಸ್‌ನ ಉದ್ಯೋಗಿಯೊಬ್ಬರು ತಮ್ಮ ಸ್ವಂತ ಕಂಪ್ಯೂಟರಿಗೆ ಎಕ್ಸ್‌ಟ್ರೇಡರ್ ಎಂಬ ವಹಿವಾಟು ತಂತ್ರಾಂಶವನ್ನು ಹಾಕಿಕೊಂಡಿದ್ದರು. ಅದನ್ನು ತಯಾರಿಸಿದವರು ಅದಕ್ಕೂ ಮೊದಲೇ ಅದರ ಉಸ್ತುವಾರಿ ನಿಲ್ಲಿಸಿದ್ದರೂ ಡೌನ್‌ಲೋಡ್ ಸಿಗುತ್ತಿತ್ತು. ಆ ಕಟ್ಟಿನೊಳಗಿನ ‘ಸೆಟಪ್.ಇಎಕ್ಸ್‌ಇ’ ಡಿಸ್ಕಿಗೆ ಇಳಿಸಿದ್ದು ಮೂರು ಫೈಲು: ಯಾವ ದೋಷವೂ ಇಲ್ಲದ ಒಂದು ಪ್ರೋಗ್ರಾಂ, ಅದರ ಪಕ್ಕದಲ್ಲೇ ಎರಡು ವಿಷದ ಡಿಎಲ್‌ಎಲ್. ಅವುಗಳಲ್ಲಿ ಒಂದರ ಹೆಸರು ‘ಎಂಎಸ್‌ವಿಸಿಆರ್100’. ವಿಷುಯಲ್ ಸಿ++ 2010ರ ಕಟ್ಟಿನಲ್ಲಿ ಬರುವ ಅಸಲಿ ಫೈಲಿನ ಹೆಸರೂ ಅದೇ.